ಕೆಳಗಿನ ಭೋಗ, ಮೇಲಿನ ಯೋಗ: ನಂದಿಯ ಒಂದು ದಿನದ ಪ್ರವಾಸದ ಚರಿತ್ರೆ

ನಂದಿಬೆಟ್ಟದ ಬುಡದಲ್ಲಿರುವ ಶಿವನಿಗೆ ಭೋಗನಂದೀಶ್ವರನೆಂದು ಹೆಸರು. ನೆತ್ತಿಯಲ್ಲಿರುವ ಶಿವನಿಗೆ ಯೋಗನಂದೀಶ್ವರನೆಂದು. ನಮ್ಮ ಹಿರಿಯರು ಈ ಹೆಸರುಗಳನ್ನು ಸುಮ್ಮನೆ ಇಟ್ಟವರಲ್ಲ. ಬುಡದ ದೇವಾಲಯದ ಅರುಣಾಚಲೇಶ್ವರನದು ಬಾಲ್ಯ, ಅವನ ಪಕ್ಕದ ಭೋಗನಂದೀಶ್ವರನದು ಯೌವನ, ಬೆಟ್ಟದ ಮೇಲಿನ ಯೋಗನಂದೀಶ್ವರನದು ಎಲ್ಲವನ್ನೂ ತೊರೆದ ಸ್ಥಿತಿ ಎಂದು ಆ ಸೀಮೆಯ ಜನ ತಲೆಮಾರುಗಳಿಂದ ಹೇಳುತ್ತ ಬಂದಿದ್ದಾರೆ. ಆದುದರಿಂದಲೇ ಗಿರಿಜಾ ಕಲ್ಯಾಣ, ಶಿವರಾತ್ರಿಯ ರಥೋತ್ಸವ, ದನಗಳ ಜಾತ್ರೆ, ಮಿಠಾಯಿ ಅಂಗಡಿಗಳ ಗದ್ದಲ ಇವೆಲ್ಲ ಕೆಳಗೆ. ವಿರಾಗಿಯಾದ ಶಿವನಿಗೆ ಮೇಲೆ ಗಾಳಿ, ಮಂಜು ಮತ್ತು ಮೌನ. ಉಣ್ಣುವುದು, ನಲಿಯುವುದು ತಪ್ಪೆಂದು ಈ ಏರ್ಪಾಡು ಹೇಳುವುದಿಲ್ಲ. ಅವುಗಳಿಗೊಂದು ಜಾಗವಿದೆ, ಅದು ಬುಡದಲ್ಲಿದೆ ಎಂದಷ್ಟೇ ಹೇಳುತ್ತದೆ.

ಈಗ ವಾರಾಂತ್ಯದ ಒಂದು ಬೆಳಗ್ಗೆ ಅಲ್ಲಿಗೆ ಹೋಗಿ ನೋಡಿದರೆ ಈ ಏರ್ಪಾಡು ತಲೆಕೆಳಗಾಗಿರುವುದು ಕಾಣುತ್ತದೆ. ಸೂರ್ಯೋದಯಕ್ಕೆ ಮುಂಚೆಯೇ ವಾಹನಗಳ ಸಾಲು ಬೆಟ್ಟದ ತಿರುವುಗಳಲ್ಲಿ ನಿಂತಿರುತ್ತದೆ. ಮೇಲೆ ಜನಜಂಗುಳಿ, ತಿಂಡಿಯ ಅಂಗಡಿ, ಛಾಯಾಚಿತ್ರಗಳ ಸಡಗರ. ಅದೇ ಹೊತ್ತಿಗೆ ಕೆಳಗೆ ನಂದಿ ಗ್ರಾಮದ ದೇವಾಲಯದ ವಿಶಾಲ ಪ್ರಾಕಾರದಲ್ಲಿ ಪಾರಿವಾಳಗಳ ರೆಕ್ಕೆಯ ಸದ್ದು ಕೇಳಿಸುವಷ್ಟು ನಿಶ್ಶಬ್ದ. ಭೋಗ ಬೆಟ್ಟ ಹತ್ತಿದೆ, ಯೋಗ ಇಳಿದು ಬಂದಿದೆ. ಇದು ಹೇಗಾಯಿತು, ಯಾರು ಯಾರು ಈ ಬೆಟ್ಟಕ್ಕೆ ವಿಹಾರಕ್ಕೆಂದು ಬಂದರು, ಅವರ ಬುತ್ತಿಯನ್ನು ಯಾರು ಹೊತ್ತರು ಎಂಬುದೇ ಈ ಬರಹದ ವಿಷಯ.

ಮೊದಲಿಗೆ ಒಂದು ಮಾತು. ಪಿಕ್‌ನಿಕ್ ಎಂಬ ಶಬ್ದ ಇಂಗ್ಲಿಷರ ಜೊತೆ ಬಂದಿರಬಹುದು. ಆ ಕೆಲಸ ಮಾತ್ರ ನಮಗೆ ಹೊಸದಲ್ಲ. ಕಾರ್ತಿಕ ಮಾಸದಲ್ಲಿ ನೆಲ್ಲಿಮರದ ಕೆಳಗೆ ಕುಳಿತು ಮಾಡುವ ವನಭೋಜನ ನಮ್ಮ ಹಳೆಯ ಪದ್ಧತಿ. ಪರಿಷೆಗೆ ಗಾಡಿ ಕಟ್ಟಿಕೊಂಡು ಹೋಗಿ, ಕಲ್ಯಾಣಿಯ ಮೆಟ್ಟಿಲಲ್ಲಿ ಕೈಕಾಲು ತೊಳೆದು, ಮುತ್ತುಗದ ಎಲೆಯಲ್ಲಿ ಬುತ್ತಿ ಬಿಚ್ಚಿ, ಪಕ್ಕದವರಿಗೂ ಒಂದು ತುತ್ತು ಹಂಚಿ ಉಣ್ಣುವುದು ಇನ್ನೊಂದು ಪದ್ಧತಿ. ಆಷಾಢದ ಕೊನೆಯ ಸೋಮವಾರ ನಡೆಯುವ ನಂದಿಗಿರಿ ಪ್ರದಕ್ಷಿಣೆಯನ್ನು ನಾನು ಇದೇ ಸಾಲಿಗೆ ಸೇರಿಸುತ್ತೇನೆ. ಬೆಳಗಿನಲ್ಲಿ ಭೋಗನಂದೀಶ್ವರನಿಗೆ ಕೈಮುಗಿದು ಹೊರಟ ಜನ, ಬೆಟ್ಟವನ್ನು ಬಲಗಡೆಗೆ ಇಟ್ಟುಕೊಂಡು ಊರು, ಹೊಲ, ತೋಪುಗಳ ನಡುವೆ ಬರಿಗಾಲಿನಲ್ಲಿ ನಡೆಯುತ್ತಾರೆ. ದಾರಿಯುದ್ದಕ್ಕೂ ಹಳ್ಳಿಗರು ಪಾನಕ, ಮಜ್ಜಿಗೆ, ಅನ್ನ ಕೊಡುತ್ತಾರೆ. ಹಸಿರು ನೋಡುತ್ತ ಒಂದು ದಿನದ ಪಯಣ, ದಾರಿಯಲ್ಲೇ ಊಟ: ಪ್ರವಾಸ ಸಂಸ್ಥೆಗಳು ಇಂದು ಜಾಹೀರಾತು ಕೊಟ್ಟು ಮಾರುವ ಸುಖವೆಲ್ಲ ಇದರಲ್ಲಿದೆ. ಒಂದೇ ವ್ಯತ್ಯಾಸವೆಂದರೆ, ಇಲ್ಲಿ ಊಟ ಖಾಸಗಿಯಲ್ಲ.

ಆ ಬುಡದ ದೇವಾಲಯ ಕರ್ನಾಟಕದ ಅತಿ ಪ್ರಾಚೀನ ದೇವಾಲಯಗಳಲ್ಲಿ ಒಂದು. ಅದರ ಉಲ್ಲೇಖಗಳು ಕ್ರಿ.ಶ. 806ರ ಸುಮಾರಿನಷ್ಟು ಹಿಂದಕ್ಕೆ, ನೊಳಂಬರ ಕಾಲಕ್ಕೆ ಹೋಗುತ್ತವೆ. ಬಾಣ ವಂಶದ ರಾಣಿ ರತ್ನಾವಳಿಯ ಹೆಸರು ಅದರ ನಿರ್ಮಾಣದೊಡನೆ ಸೇರಿಕೊಂಡಿದೆ. ಮುಂದೆ ಚೋಳರು, ಹೊಯ್ಸಳರು, ವಿಜಯನಗರದವರು ತಮ್ಮ ತಮ್ಮ ಕಾಲದಲ್ಲಿ ಒಂದೊಂದು ಅಂಗವನ್ನು ಸೇರಿಸಿದರು. ಜೋಡಿ ಗರ್ಭಗುಡಿಗಳ ನಡುವೆ ನುಣುಪಾದ ಕಪ್ಪು ಕಲ್ಲಿನ ಕಂಬಗಳ ಕಲ್ಯಾಣಮಂಟಪವಿದೆ; ಬಳ್ಳಿಯ ಸುರುಳಿಗಳಲ್ಲಿ ಕುಳಿತ ಗಿಳಿಗಳನ್ನು ಶಿಲ್ಪಿ ಅಲ್ಲಿ ಎಷ್ಟು ಪ್ರೀತಿಯಿಂದ ಕೆತ್ತಿದ್ದಾನೆ ಎಂಬುದನ್ನು ಹತ್ತಿರ ನಿಂತು ನೋಡಬೇಕು. ಹಿಂಬದಿಯ ಶೃಂಗಿ ತೀರ್ಥವೆಂಬ ಕಲ್ಯಾಣಿಯ ಸುತ್ತಲೂ ಸಾಲುಮಂಟಪಗಳಿವೆ. ಜನ ಬಂದು ಕುಳಿತು, ಬುತ್ತಿ ಬಿಚ್ಚಿ, ನೆರಳಿನಲ್ಲಿ ದಣಿವಾರಿಸಿಕೊಳ್ಳಲೆಂದೇ ಕಟ್ಟಿದಂತಿರುವ ಜಾಗ ಅದು. ಇಂದು ಅದು ಭಾರತೀಯ ಪುರಾತತ್ವ ಸರ್ವೇಕ್ಷಣೆಯ ರಕ್ಷಣೆಯಲ್ಲಿದೆ.

ಬೆಟ್ಟದ ತುದಿಯ ಶಾಂತಿಯನ್ನು ಮೊದಲು ಕದಡಿದ್ದು ವಿಹಾರವಲ್ಲ, ಯುದ್ಧ. ಸಮುದ್ರಮಟ್ಟದಿಂದ 1478 ಮೀಟರ್ ಎತ್ತರದ, ಮೂರು ಕಡೆ ಗೋಡೆಯಂತೆ ನಿಂತ ಬಂಡೆಯನ್ನು ಯಾವ ಪಾಳೆಯಗಾರ ತಾನೇ ಬಿಟ್ಟಾನು? ಚಿಕ್ಕಬಳ್ಳಾಪುರದ ಪಾಳೆಯಗಾರರ ಕಾಲದ ಕೋಟೆಯನ್ನು ಹೈದರ್ ಮತ್ತು ಟಿಪ್ಪು ಬಲಪಡಿಸಿದರು. ಟಿಪ್ಪುವಿನ ಬೇಸಿಗೆಯ ಅರಮನೆ ಈಗಲೂ ಅಲ್ಲಿದೆ. 1791ರಲ್ಲಿ ಕಾರ್ನ್‌ವಾಲಿಸ್ ಬೆಂಗಳೂರನ್ನು ಹಿಡಿದ, ಆದರೆ ಶ್ರೀರಂಗಪಟ್ಟಣದಿಂದ ಬರಿಗೈಲಿ ಹಿಂದಿರುಗಬೇಕಾಯಿತು. ತನ್ನ ಸರಬರಾಜಿನ ದಾರಿಯನ್ನು ಭದ್ರಪಡಿಸಿಕೊಳ್ಳಲು ಅವನು ಸುತ್ತಲಿನ ಗಿರಿದುರ್ಗಗಳ ಮೇಲೆ ಕಣ್ಣಿಟ್ಟ. ಸೆಪ್ಟೆಂಬರ್ ಕೊನೆಯಲ್ಲಿ ಮೇಜರ್ ಗೌಡಿಯ ದಳ ನಂದಿಗೆ ಮುತ್ತಿಗೆ ಹಾಕಿತು. ಕಡಿದಾದ ಇಳಿಜಾರಿನಲ್ಲಿ ದಾರಿ ಕಡಿದು ತೋಪುಗಳನ್ನು ಮೇಲೆ ಎಳೆಯಬೇಕಾಯಿತು. ಮೂರು ವಾರಗಳ ಮುತ್ತಿಗೆಯ ನಂತರ ಅಕ್ಟೋಬರ್ 19ರ ರಾತ್ರಿಯ ದಾಳಿಯಲ್ಲಿ ಕೋಟೆ ಬಿದ್ದಿತು. ದಾಳಿಕೋರರಿಗೆ ಗುಂಡಿಗಿಂತ ಹೆಚ್ಚು ಪೆಟ್ಟು ಕೊಟ್ಟಿದ್ದು ಮೇಲಿನಿಂದ ಉರುಳಿಬಂದ ಕಲ್ಲುಗಳು.

ಈ ಗೆಲುವು ಇಂಗ್ಲಿಷರಿಗೆ ಎಷ್ಟು ದೊಡ್ಡದಾಗಿ ಕಂಡಿತೆಂಬುದಕ್ಕೆ ಹೆಸರುಗಳೇ ಸಾಕ್ಷಿ. ಮುಂದೆ ಮೈಸೂರು ಕಮಿಷನರ ಆಡಳಿತದಲ್ಲಿ ಬೆಂಗಳೂರು, ಕೋಲಾರ, ತುಮಕೂರು ಜಿಲ್ಲೆಗಳು ಸೇರಿದ ವಿಭಾಗಕ್ಕೆ ‘ನಂದಿದುರ್ಗ ವಿಭಾಗ’ವೆಂದೇ ಹೆಸರಾಯಿತು. ಕೋಲಾರದ ಚಿನ್ನದ ಗಣಿಗಳಲ್ಲೂ ಒಂದಕ್ಕೆ ‘ನಂದಿದ್ರೂಗ್’ ಎಂಬ ಹೆಸರು ಬಿತ್ತು. ಬೆಟ್ಟವನ್ನೇ ನೋಡದ ಎಷ್ಟೋ ಕೂಲಿಯ ಕುಟುಂಬಗಳು ಆ ಹೆಸರಿನ ಗಣಿಯಲ್ಲಿ ಜೀವ ಸವೆಸಿದವು.

ಕೋಟೆ ಬಿದ್ದ ಮೇಲೆ ಸೈನಿಕನ ಕೆಲಸ ಮುಗಿಯಿತು, ಸಾಹೇಬನ ವಿಹಾರ ಶುರುವಾಯಿತು. 1834ರಿಂದ 1861ರವರೆಗೆ ಮೈಸೂರಿನ ಕಮಿಷನರಾಗಿದ್ದ ಸರ್ ಮಾರ್ಕ್ ಕಬ್ಬನ್‌ಗೆ ನಂದಿಯೆಂದರೆ ಪ್ರಾಣ. ಬೇಸಿಗೆಯಲ್ಲಿ ಬೆಟ್ಟದ ಮೇಲಿನ ಬಂಗಲೆಯಲ್ಲಿ ಅವರ ವಾಸ. ಕಬ್ಬನ್ ಸಮರ್ಥ ಆಡಳಿತಗಾರರೆಂಬುದರಲ್ಲಿ ಎರಡು ಮಾತಿಲ್ಲ. ಆದರೆ ದೊರೆ ಬೆಟ್ಟದ ಮೇಲಿದ್ದರೆ ದೊರೆಯ ಮೇಜು, ಕುರ್ಚಿ, ಕಾಗದದ ಪೆಟ್ಟಿಗೆ, ಅಡಿಗೆಯವನು, ಕೋಳಿ, ಸೌದೆ ಎಲ್ಲವೂ ಬೆಟ್ಟ ಹತ್ತಬೇಕಲ್ಲವೇ? ಮೋಟಾರು ರಸ್ತೆ ಇಲ್ಲದ ಆ ಕಾಲದಲ್ಲಿ ನಡೆಯಲಾರದವರಿಗೆ ಕುದುರೆ, ಡೋಲಿ, ಕುರ್ಚಿಗಳೇ ಗತಿ. ಬೆಟ್ಟದ ತಂಪು ಮೇಲಿದ್ದವರಿಗೆ, ಬೆವರು ಹೊತ್ತವರಿಗೆ.

ಒಮ್ಮೆ ನನ್ನ ತರಗತಿಯ ಮಕ್ಕಳನ್ನು ನಂದಿಗೆ ಕರೆದೊಯ್ದಾಗ ಕಬ್ಬನ್ ಬಂಗಲೆಯ ಮುಂದೆ ನಿಂತು ಈ ಕಥೆಯನ್ನು ಹೇಳುತ್ತಿದ್ದೆ. ಹುಡುಗಿಯೊಬ್ಬಳು ಥಟ್ಟನೆ ಕೇಳಿದಳು: “ಸಾರ್, ಕುರ್ಚಿ ಹೊತ್ಕೊಂಡ್ ಬಂದೋರು ಎಲ್ಲಿ ಉಣ್ತಿದ್ರು?” ನಮ್ಮ ಪಠ್ಯಪುಸ್ತಕಗಳಲ್ಲಿ ಕಬ್ಬನ್ನರ ಆಡಳಿತ ಸುಧಾರಣೆಗಳ ಪಟ್ಟಿ ಇರುತ್ತದೆ, ಹೊತ್ತವರ ಊಟದ ಜಾಗ ಇರುವುದಿಲ್ಲ. ಮೂವತ್ತು ವರ್ಷಗಳ ಪಾಠದಲ್ಲಿ ನನಗೆ ಎದುರಾದ ಅತ್ಯುತ್ತಮ ಚರಿತ್ರೆಯ ಪ್ರಶ್ನೆಗಳಲ್ಲಿ ಅದೂ ಒಂದು. ಮಕ್ಕಳ ಬುತ್ತಿಯಲ್ಲಿ ಅಂದು ಚಿತ್ರಾನ್ನ, ಆಲೂಗಡ್ಡೆ ಪಲ್ಯ, ಮೊಸರನ್ನ, ಕಡಲೆಕಾಯಿ ಚಟ್ನಿ ಇದ್ದವು. ಕೋತಿಗಳಿಂದ ಅವನ್ನು ಕಾಪಾಡಿಕೊಳ್ಳುವುದೇ ಒಂದು ಸಾಹಸವಾಗಿತ್ತು.

ಆ ಬುತ್ತಿಯಲ್ಲೇ ಇನ್ನೊಂದು ಚರಿತ್ರೆಯ ಪಾಠವಿತ್ತು. ಚಿಕ್ಕಬಳ್ಳಾಪುರ, ಚಿಂತಾಮಣಿ ಸೀಮೆಯ ರೈತರು ಮನೆಯ ಬೆಳೆಯೆಂಬಂತೆ ಬೆಳೆಯುವ ಆಲೂಗಡ್ಡೆ ಮೂಲತಃ ದಕ್ಷಿಣ ಅಮೆರಿಕದ ಆಂಡೀಸ್ ಪರ್ವತಗಳದು. ಕಡಲೆಕಾಯಿಯ ತವರೂ ಅದೇ ಖಂಡ. ಚಿತ್ರಾನ್ನದ ಮೆಣಸಿನಕಾಯಿಯೂ ಅಮೆರಿಕ ಖಂಡಗಳಿಂದ ಪೋರ್ಚುಗೀಸರ ಕಾಲದಲ್ಲಿ ಬಂದದ್ದು. ಆ ಆಂಡೀಸ್‌ನಲ್ಲಿ, ಪೆರು ದೇಶದ ಕುಸ್ಕೋ ನಗರದ ಸಮೀಪದ ಕಣಿವೆಗಳಲ್ಲಿ, ಇಂದು ಪ್ರವಾಸಿಗರಿಗೆ ಇಡೀ ದಿನದ ವಿಹಾರ ಮತ್ತು ಏಕಾಂತದ ವನಭೋಜನವನ್ನು ಏರ್ಪಡಿಸಿಕೊಡುತ್ತಾರೆ. ಹಿಮಶಿಖರದ ಎದುರು ಮೇಜು, ಬಿಳಿ ಬಟ್ಟೆ, ಸುತ್ತ ಯಾರೂ ಇಲ್ಲ. ಆದರೆ ಅಲ್ಲಿಯೂ ನಮ್ಮ ಹುಡುಗಿಯ ಪ್ರಶ್ನೆ ಉಂಟು. ಇಂಕಾ ದೊರೆಗಳ ಪಲ್ಲಕ್ಕಿಯನ್ನು ಹೊರಲು ರುಕಾನಾ ಎಂಬ ಜನರನ್ನೇ ಗೊತ್ತುಮಾಡಿದ್ದರು. ಇಂದಿನ ಪ್ರವಾಸಿಗರ ಡೇರೆ, ಪಾತ್ರೆ, ಆಹಾರಗಳನ್ನು ಹೊತ್ತು ಇಂಕಾ ಹಾದಿಯಲ್ಲಿ ಏರುವವರೂ ಆ ಬೆಟ್ಟಗಳ ರೈತರೇ. ಹೊರೆ ಮಿತಿಮೀರಿದಾಗ 2001ರಲ್ಲಿ ಪೆರು ಸರ್ಕಾರ ಕಾನೂನು ತಂದು, ಒಬ್ಬ ಹಮಾಲಿ 20 ಕಿಲೋಗಿಂತ ಹೆಚ್ಚು ಹೊರಬಾರದೆಂದು ನಿಗದಿ ಮಾಡಬೇಕಾಯಿತು. ಏಕಾಂತದ ಊಟವೆಂಬುದು ಯಾವಾಗಲೂ ಪೂರ್ತಿ ಏಕಾಂತವಲ್ಲ. ತುಸು ದೂರದಲ್ಲಿ ಹೊತ್ತು ತಂದವರು ಕುಳಿತಿರುತ್ತಾರೆ.

ನಂದಿಗೆ ಮರಳೋಣ. ಭೋಗದ ಆ ಬಂಗಲೆಗೆ ಒಂದು ಬೇಸಿಗೆಯಲ್ಲಿ ಯೋಗ ಬಂದಿತು. 1927ರ ಮಾರ್ಚ್‌ನಲ್ಲಿ ಪ್ರವಾಸದ ನಡುವೆ ಗಾಂಧೀಜಿಯವರ ಆರೋಗ್ಯ ಕುಸಿಯಿತು. ವಿಶ್ರಾಂತಿಗೆಂದು ಏಪ್ರಿಲ್‌ನಲ್ಲಿ ಅವರನ್ನು ನಂದಿಗೆ ಕರೆತಂದರು. ಜೂನ್ ಮೊದಲ ವಾರದವರೆಗೆ ಅವರು ಇಲ್ಲಿದ್ದರು. ಕಬ್ಬನ್ ಇದ್ದ ಬಂಗಲೆಯೇ ಅವರ ಬಿಡಾರವಾಯಿತು, ಮುಂದೆ ಅದಕ್ಕೆ ‘ಗಾಂಧಿ ನಿಲಯ’ವೆಂದು ಹೆಸರಾಯಿತು. ವಿಶ್ರಾಂತಿಯೆಂದರೆ ಅವರಿಗೆ ಸುಮ್ಮನಿರುವುದಲ್ಲ. ಇಲ್ಲಿಂದ ಅವರು ಬರೆದ, ಬರೆಸಿದ ಪತ್ರಗಳಿಗೆ ಲೆಕ್ಕವಿಲ್ಲ. ‘ನವಜೀವನ’ ಪತ್ರಿಕೆಯಲ್ಲಿ ಅವರ ಆತ್ಮಕಥೆ ವಾರವಾರವೂ ಪ್ರಕಟವಾಗುತ್ತಿದ್ದ ವರ್ಷಗಳವು. 1936ರ ಮೇ ತಿಂಗಳಲ್ಲಿ ಅವರು ಮತ್ತೆ ಬಂದರು. ಆಗ ಸರ್ದಾರ್ ಪಟೇಲರು ಜೊತೆಗಿದ್ದರು. ದೊರೆಯ ಬೇಸಿಗೆಯ ಮನೆ ಹಾಗೆಯೇ ಇತ್ತು. ಒಳಗೆ ಇದ್ದ ಮನುಷ್ಯ ಬದಲಾದ್ದರಿಂದ ಬೆಟ್ಟದ ಅರ್ಥವೇ ಬದಲಾಯಿತು. ಯೋಗನಂದೀಶ್ವರನಿಗೆ ಬಹುಕಾಲದ ಮೇಲೆ ಒಬ್ಬ ಸರಿಯಾದ ನೆರೆಯವನು ಸಿಕ್ಕಿದನೆಂದು ನಾನು ಮಕ್ಕಳಿಗೆ ಹೇಳುತ್ತಿದ್ದೆ.

ಸಾಮಾನ್ಯರಿಗೆ ನಂದಿ ಹತ್ತಿರವಾಗಿದ್ದು ಬಹುಮಟ್ಟಿಗೆ ರೈಲಿನಿಂದ, ಆಮೇಲೆ ಬಸ್ಸಿನಿಂದ. ಬೆಟ್ಟಕ್ಕೆ ಕೂಗಳತೆಯ ಮುದ್ದೇನಹಳ್ಳಿಯಲ್ಲಿ ಹುಟ್ಟಿದ ವಿಶ್ವೇಶ್ವರಯ್ಯನವರು ದಿವಾನರಾಗಿದ್ದ ಕಾಲದಲ್ಲಿ, 1915ರ ಸುಮಾರಿಗೆ, ಯಲಹಂಕದಿಂದ ಚಿಕ್ಕಬಳ್ಳಾಪುರಕ್ಕೆ ಎರಡೂವರೆ ಅಡಿ ಅಗಲದ ಪುಟ್ಟ ಹಳಿಯ ರೈಲು ಬಂದಿತು. ದೊಡ್ಡಜಾಲ, ದೇವನಹಳ್ಳಿ, ಆವತಿ, ನಂದಿ ಹಾಲ್ಟ್: ಆ ನಿಲ್ದಾಣಗಳ ಹೆಸರುಗಳನ್ನು ಓದಿದರೆ ಸಾಕು, ಅರ್ಧ ಚರಿತ್ರೆ ಓದಿದಂತೆ. ಆವತಿಯಿಂದ ಹರಡಿದ ನಾಡಪ್ರಭುಗಳ ಮನೆತನಗಳು ದೇವನಹಳ್ಳಿ, ಚಿಕ್ಕಬಳ್ಳಾಪುರಗಳನ್ನು ಕಟ್ಟಿದವು. ದೇವನಹಳ್ಳಿಯಲ್ಲಿ ಟಿಪ್ಪು ಹುಟ್ಟಿದ. ಹಂಚಿನ ಮಾಡಿನ ಆ ಹಳೆಯ ನಿಲ್ದಾಣಗಳನ್ನು ಇತ್ತೀಚಿನ ವರ್ಷಗಳಲ್ಲಿ ಇನ್‌ಟ್ಯಾಕ್ ಸಂಸ್ಥೆ ಮುತುವರ್ಜಿಯಿಂದ ದುರಸ್ತಿ ಮಾಡಿಸಿದೆ. ಹಳಿ ಅಗಲವಾಯಿತು, 2013ರಲ್ಲಿ ಚಿಕ್ಕಬಳ್ಳಾಪುರದಿಂದ ಕೋಲಾರದವರೆಗೂ ದೊಡ್ಡ ಹಳಿ ಸಿದ್ಧವಾಯಿತು. ಆದರೂ ನಂದಿಗೆ ರೈಲಿನಲ್ಲಿ ಹೋಗುವವರು ವಿರಳ.

ಸ್ವಾತಂತ್ರ್ಯಾನಂತರ ತೋಟಗಾರಿಕೆ ಇಲಾಖೆಯ ಉದ್ಯಾನ, ಅತಿಥಿಗೃಹ, ಮೇಲಿನವರೆಗಿನ ರಸ್ತೆ ಇವುಗಳಿಂದ ನಂದಿ ಎಲ್ಲರ ಬೆಟ್ಟವಾಯಿತು. ಶಾಲೆಯ ಮಕ್ಕಳು, ಹೊಸದಾಗಿ ಮದುವೆಯಾದವರು, ಕಾರ್ಖಾನೆಯ ಕಾರ್ಮಿಕರು ಎಲ್ಲರೂ ಕಬ್ಬನ್ ನಿಂತ ಜಾಗದಲ್ಲೇ ನಿಂತು ಮೋಡಗಳನ್ನು ನೋಡಿದರು. ಇದು ಸಣ್ಣ ಸಂಗತಿಯಲ್ಲ. 1986ರ ನವೆಂಬರ್ 16 ಮತ್ತು 17ರಂದು ಬೆಂಗಳೂರಿನಲ್ಲಿ ಸಾರ್ಕ್ ಶೃಂಗಸಭೆ ನಡೆದಾಗ ಏಳು ದೇಶಗಳ ನಾಯಕರು ಬಿಡುವಿನ ಮಾತುಕತೆಗೆ ನಂದಿಗೆ ಬಂದರು. ರಾಜೀವ್ ಗಾಂಧಿ, ಪಾಕಿಸ್ತಾನದ ಜುನೇಜೊ, ಶ್ರೀಲಂಕೆಯ ಜಯವರ್ಧನೆ, ನೇಪಾಳದ ದೊರೆ ಬೀರೇಂದ್ರ ಮೊದಲಾದವರು ಒಂದೇ ಬೆಟ್ಟದ ಮೇಲೆ! ಈ ಬೆಟ್ಟ ಕಂಡ ಅತ್ಯಂತ ಬಿಗಿ ಕಾವಲಿನ ವಿಹಾರ ಅದಾಗಿರಬೇಕು. 2025ರ ಜುಲೈ 2ರಂದು ಕರ್ನಾಟಕದ ಸಚಿವ ಸಂಪುಟದ ಸಭೆಯೂ ಇಲ್ಲಿಯೇ ಸೇರಿತು.

ಎಲ್ಲರ ಬೆಟ್ಟವಾದುದರ ಬೆಲೆಯನ್ನು ಬೆಟ್ಟವೇ ತೆರುತ್ತಿದೆ ಎಂಬುದು ನನ್ನ ಕಳವಳ. 2008ರ ಮೇ ತಿಂಗಳಲ್ಲಿ ದೇವನಹಳ್ಳಿಯ ವಿಮಾನ ನಿಲ್ದಾಣ ಆರಂಭವಾದ ಮೇಲೆ ಹೆದ್ದಾರಿ ಅಗಲವಾಗಿ ಬೆಂಗಳೂರಿನಿಂದ ನಂದಿ ಒಂದೂವರೆ ಗಂಟೆಯ ಹಾದಿಯಾಯಿತು. 2021ರ ಆಗಸ್ಟ್ ಕೊನೆಯಲ್ಲಿ ಸುರಿದ ಭಾರಿ ಮಳೆಗೆ ಗುಡ್ಡ ಕುಸಿದು ಮೇಲಿನ ರಸ್ತೆ ಕೊಚ್ಚಿಹೋಯಿತು. ಬೆಟ್ಟ ತಿಂಗಳುಗಟ್ಟಲೆ ಪ್ರವಾಸಿಗರಿಗೆ ಮುಚ್ಚಿತ್ತು. 2023ರಲ್ಲಿ ರೋಪ್‌ವೇ ಯೋಜನೆಗೆ ಶಂಕುಸ್ಥಾಪನೆಯಾಯಿತು. ವಾಹನಗಳ ಹೊರೆ ಇಳಿದರೆ ಒಳ್ಳೆಯದೇ, ಜನರ ಹೊರೆ ಏರಿದರೆ ಏನು ಗತಿ ಎಂಬುದನ್ನೂ ಯೋಚಿಸಬೇಕು. ಕುರ್ಚಿ ಹೊತ್ತವರ ಕಾಲ ಮುಗಿದಿದೆ. ಈಗ ನಮ್ಮನ್ನೆಲ್ಲ ಹೊತ್ತಿರುವುದು ಬೆಟ್ಟ. ಅದಕ್ಕೆ ಇಪ್ಪತ್ತು ಕಿಲೋ ಮಿತಿಯ ಕಾನೂನು ಮಾಡುವವರು ಯಾರು?

ಈ ತಲೆಕೆಳಗಾದ ಕಥೆ ನೀರಿನಲ್ಲಿ ಇನ್ನೂ ಸ್ಪಷ್ಟವಾಗಿ ಕಾಣುತ್ತದೆ. ನಂದಿಯ ಸುತ್ತಿನ ಬೆಟ್ಟಸಾಲು ನದಿಗಳ ತವರು. ಉತ್ತರ ಪಿನಾಕಿನಿ ಗೌರಿಬಿದನೂರಿನ ಕಡೆಗೆ, ಚಿತ್ರಾವತಿ ಬಾಗೇಪಲ್ಲಿಯ ಕಡೆಗೆ, ದಕ್ಷಿಣ ಪಿನಾಕಿನಿ ಹೊಸಕೋಟೆಯ ಕಡೆಗೆ, ಅರ್ಕಾವತಿ ದೊಡ್ಡಬಳ್ಳಾಪುರದ ಕಡೆಗೆ ಇಳಿದವು. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ, 1896ರಲ್ಲಿ, ಬೆಂಗಳೂರಿಗೆ ಮೊದಲ ಬಾರಿ ಕೊಳಾಯಿ ನೀರು ಬಂದದ್ದು ಅರ್ಕಾವತಿಯ ಹೆಸರಘಟ್ಟ ಕೆರೆಯಿಂದ. ಅಂದರೆ ಬೆಂಗಳೂರಿನವರು ನಂದಿಗೆ ವಿಹಾರಕ್ಕೆ ಬರುವುದಕ್ಕೆ ಎಷ್ಟೋ ಮೊದಲೇ ನಂದಿಯ ನೀರು ಅವರ ಮನೆಗೆ ಹೋಗಿತ್ತು. ಇಂದು ಆ ನದಿಗಳು ಮಳೆ ಬಂದ ನಾಲ್ಕು ದಿನವಷ್ಟೇ ನದಿಗಳು. ಹೆಬ್ಬಾಳ–ನಾಗವಾರ ಕಣಿವೆ ಯೋಜನೆಯಲ್ಲಿ ಬೆಂಗಳೂರು ಬಳಸಿ ಬಿಟ್ಟ ನೀರನ್ನು ಸಂಸ್ಕರಿಸಿ, ಪಂಪು ಮಾಡಿ, ಚಿಕ್ಕಬಳ್ಳಾಪುರದ ಕೆರೆಗಳಿಗೆ ತುಂಬಿಸುತ್ತಿದ್ದಾರೆ. ಒಣಗಿದ ಕೆರೆಯಲ್ಲಿ ನೀರು ಕಂಡ ರೈತನ ಸಂತೋಷವನ್ನು ನಾನು ಅಲ್ಲಗಳೆಯಲಾರೆ. ಮೂರನೆಯ ಹಂತದ ಶುದ್ಧೀಕರಣವಿಲ್ಲದ ನೀರನ್ನು ನಮ್ಮ ಅಂತರ್ಜಲಕ್ಕೆ ಬಿಡಬೇಡಿ ಎಂದು ಹೋರಾಡುತ್ತಿರುವವರ ಮಾತನ್ನೂ ತಳ್ಳಿಹಾಕಲಾರೆ. ಬೆಟ್ಟ ಕೊಟ್ಟದ್ದು ತಿಳಿನೀರು, ಪೇಟೆ ಹಿಂದಿರುಗಿಸಿದ್ದು ಬಳಸಿದ ನೀರು.

ಹಾಗಾದರೆ ನಂದಿಗೆ ಹೋಗಬಾರದೇ? ಖಂಡಿತ ಹೋಗಬೇಕು. ಮೇಷ್ಟರ ಚಾಳಿ, ಒಂದು ಪಾಠಕ್ರಮವನ್ನು ಸೂಚಿಸುತ್ತೇನೆ. ಸಾಧ್ಯವಾದರೆ ವಾರದ ನಡುವಿನ ದಿನ ಹೊರಡಿ, ರೈಲಿನಲ್ಲಾದರೆ ಇನ್ನೂ ಚೆನ್ನ. ಮೊದಲು ನಂದಿ ಗ್ರಾಮದ ದೇವಾಲಯಕ್ಕೆ ಹೋಗಿ, ಅವಸರವಿಲ್ಲದೆ ಒಂದೊಂದು ಕಂಬವನ್ನೂ ನೋಡಿ. ಮೊಣಕಾಲು ಗಟ್ಟಿಯಿದ್ದವರು ಸುಲ್ತಾನ್‌ಪೇಟೆಯ ಕಡೆಯ ಹಳೆಯ ಮೆಟ್ಟಿಲುಗಳನ್ನು ಹತ್ತಿ. ಕುರ್ಚಿಯ ತೂಕ ಎಷ್ಟಿತ್ತೆಂಬುದು ಬರಿಮೈಯಲ್ಲಿ ಹತ್ತಿದರೂ ಅರ್ಥವಾಗುತ್ತದೆ. ಮೇಲೆ ಯೋಗನಂದೀಶ್ವರನ ಮುಂದೆ ಸ್ವಲ್ಪ ಹೊತ್ತು ಮಾತಿಲ್ಲದೆ ಕುಳಿತುಕೊಳ್ಳಿ, ಅಮೃತ ಸರೋವರವನ್ನು, ಗಾಂಧಿ ನಿಲಯವನ್ನು ನೋಡಿ. ಬುತ್ತಿಯನ್ನು ಮಾತ್ರ ಮೇಲೆ ಬಿಚ್ಚಬೇಡಿ. ಹಸಿವನ್ನು ತುಸು ತಡೆದುಕೊಂಡು ಕೆಳಗಿಳಿದು ಬನ್ನಿ. ಬುಡದ ಯಾವುದಾದರೂ ಹುಣಸೆ ಮರದ ಕೆಳಗೆ, ಯಾರಿಗೂ ತೊಂದರೆಯಾಗದಂತೆ ಕುಳಿತು ಉಣ್ಣಿ. ಪಕ್ಕದಲ್ಲಿ ಕುರಿ ಕಾಯುವವನಿದ್ದರೆ ಅವನನ್ನೂ ಕರೆಯಿರಿ. ಎಲೆ, ಕಾಗದ, ಶೀಷೆಗಳನ್ನು ನಿಮ್ಮ ಚೀಲದಲ್ಲೇ ಮನೆಗೆ ತನ್ನಿ. ಹಿರಿಯರು ಭೋಗವನ್ನು ಬುಡದಲ್ಲಿಟ್ಟು ಯೋಗವನ್ನು ನೆತ್ತಿಯಲ್ಲಿಟ್ಟ ಏರ್ಪಾಡು ಸಾವಿರದ ಇನ್ನೂರು ವರ್ಷಗಳ ನಂತರವೂ ಕೆಟ್ಟದ್ದಾಗಿ ತೋರುವುದಿಲ್ಲ.